ಸೈಯದ್ ಅಬ್ದುಲ್ ರಹೀಂ

ಸೈಯದ್ ಅಬ್ದುಲ್ ರಹೀಂ (ಆಗಸ್ಟ್ 17, 1909 – ಜೂನ್ 11, 1963) ಅವರು ಭಾರತದ ಸುಪ್ರಸಿದ್ಧ ಫುಟ್‌ಬಾಲ್ ತರಬೇತುದಾರರು. ವೃತ್ತಿಯಿಂದ ಶಾಲಾ ಶಿಕ್ಷಕರಾಗಿದ್ದ ಇವರು 1950ರಿಂದ 1963ರವರೆಗೆ ಹೈದರಾಬಾದ್ ನಗರ ಪೊಲೀಸ್ ತಂಡಕ್ಕೂ, ಅದೇ ಅವಧಿಯಲ್ಲಿ ಭಾರತದ ರಾಷ್ಟ್ರೀಯ ತಂಡಕ್ಕೂ ತರಬೇತಿ ನೀಡಿದರು. ಇವರ ಮಾರ್ಗದರ್ಶನದಲ್ಲಿ ಭಾರತವು 1951 ಮತ್ತು 1962ರ ಏಷ್ಯನ್ ಕ್ರೀಡಾಕೂಟಗಳಲ್ಲಿ ಚಿನ್ನದ ಪದಕ ಗೆದ್ದಿತು. 1956ರ ಮೆಲ್ಬರ್ನ್ ಒಲಿಂಪಿಕ್ಸ್‌ನಲ್ಲಿ ಸೆಮಿಫೈನಲ್ ತಲುಪಿದ ಮೊದಲ ಏಷ್ಯನ್ ರಾಷ್ಟ್ರವೆಂಬ ಹೆಗ್ಗಳಿಕೆಗೆ ಪಾತ್ರವಾಯಿತು. ಆಟಗಾರರೂ ಅಭಿಮಾನಿಗಳೂ ಇವರನ್ನು ಗೌರವದಿಂದ ರಹೀಂ ಸಾಹೇಬರೆಂದು ಕರೆಯುತ್ತಿದ್ದರು. ಇವರ ಕಾಲವನ್ನು ಭಾರತೀಯ ಫುಟ್‌ಬಾಲ್‌ನ ಸುವರ್ಣಯುಗವೆಂದು ಬಣ್ಣಿಸಲಾಗುತ್ತದೆ. ಕೊನೆಯ ಚಿನ್ನದ ಪದಕವನ್ನು ತಂಡಕ್ಕೆ ಗೆಲ್ಲಿಸಿಕೊಟ್ಟಾಗ ಇವರು ಶ್ವಾಸಕೋಶದ ಕ್ಯಾನ್ಸರ್‌ನಿಂದ ಬಳಲುತ್ತಿದ್ದರು. ಆ ಗೆಲುವಿನ ನಂತರ ಒಂದು ವರ್ಷ ತುಂಬುವ ಮೊದಲೇ ನಿಧನರಾದರು.

ಹಿನ್ನೆಲೆ

ರಹೀಂ ಅವರು ಹುಟ್ಟಿ ಬೆಳೆದದ್ದು ನಿಜಾಮರ ಆಳ್ವಿಕೆಯ ಹೈದರಾಬಾದ್ ಸಂಸ್ಥಾನದಲ್ಲಿ. ತೆಲುಗು, ಮರಾಠಿ ಮತ್ತು ಕನ್ನಡ ಭಾಷಿಕ ಜಿಲ್ಲೆಗಳನ್ನು ಒಳಗೊಂಡಿದ್ದ ಈ ಸಂಸ್ಥಾನಕ್ಕೆ ಇಂದಿನ ರಾಯಚೂರು, ಕಲಬುರಗಿ, ಬೀದರ್ ಪ್ರದೇಶಗಳೂ ಸೇರಿದ್ದವು. ಆಡಳಿತ ಭಾಷೆ ಉರ್ದುವಾಗಿತ್ತು. 1918ರಲ್ಲಿ ಸ್ಥಾಪನೆಯಾದ ಉಸ್ಮಾನಿಯಾ ವಿಶ್ವವಿದ್ಯಾಲಯದಲ್ಲಿ ಉನ್ನತ ಶಿಕ್ಷಣವನ್ನು ಉರ್ದು ಮಾಧ್ಯಮದಲ್ಲೇ ಕೊಡಲಾಗುತ್ತಿತ್ತು. ಮಾನ್ವಿ, ದೇವದುರ್ಗ, ಸಿಂಧನೂರು ಮೊದಲಾದ ತಾಲ್ಲೂಕುಗಳ ವಿದ್ಯಾರ್ಥಿಗಳಿಗೆ ಪದವಿ ಶಿಕ್ಷಣವೆಂದರೆ ಬಹುಮಟ್ಟಿಗೆ ಹೈದರಾಬಾದ್ ನಗರವೇ ಆಗಿತ್ತು. 1948ರ ಸೆಪ್ಟೆಂಬರ್‌ನಲ್ಲಿ ಸಂಸ್ಥಾನವು ಭಾರತ ಒಕ್ಕೂಟದಲ್ಲಿ ಸೇರಿತು. 1956ರ ನವೆಂಬರ್ 1ರಂದು ರಾಜ್ಯಗಳ ಪುನರ್ವಿಂಗಡಣೆಯಾಗಿ ಕನ್ನಡ ಜಿಲ್ಲೆಗಳು ಮೈಸೂರು ರಾಜ್ಯಕ್ಕೆ ಬಂದವು.

ಹೈದರಾಬಾದ್ ಮತ್ತು ಅದಕ್ಕೆ ಹೊಂದಿಕೊಂಡ ಸಿಕಂದರಾಬಾದ್ ದಂಡು ಪ್ರದೇಶದಲ್ಲಿ ಬ್ರಿಟಿಷ್ ಸೈನಿಕರ ಮೂಲಕ ಫುಟ್‌ಬಾಲ್ ಆಟ ಬೇರೂರಿತ್ತು. ಬೆಂಗಳೂರಿನ ದಂಡು ಪ್ರದೇಶದಲ್ಲಿಯೂ ಆಟ ಬೆಳೆದ ಬಗೆ ಇದೇ ಆಗಿತ್ತು. ಆದರೆ ದೇಶದ ಫುಟ್‌ಬಾಲ್ ರಾಜಧಾನಿಯೆಂದು ಹೆಸರಾಗಿದ್ದುದು ಕಲ್ಕತ್ತಾ. ದಕ್ಷಿಣದ ಆಟಗಾರರು ಹೆಸರು ಮಾಡಬೇಕಾದರೆ ಅಲ್ಲಿನ ಕ್ಲಬ್ಬುಗಳಿಗೆ ಹೋಗಬೇಕೆಂಬುದು ಅಂದಿನ ರೂಢಿ.

ವಿದ್ಯಾಭ್ಯಾಸ ಮತ್ತು ಶಿಕ್ಷಕ ವೃತ್ತಿ

ರಹೀಂ ಅವರು 1909ರ ಆಗಸ್ಟ್ 17ರಂದು ಹೈದರಾಬಾದಿನಲ್ಲಿ ಜನಿಸಿದರು. ಉಸ್ಮಾನಿಯಾ ವಿಶ್ವವಿದ್ಯಾಲಯದಲ್ಲಿ ಬಿ.ಎ. ಪದವಿ ಪಡೆದರು. ವಿದ್ಯಾರ್ಥಿ ದೆಸೆಯಲ್ಲಿ ವಿಶ್ವವಿದ್ಯಾಲಯದ ತಂಡದಲ್ಲಿಯೂ ಬಳಿಕ ನಗರದ ಸ್ಥಳೀಯ ಕ್ಲಬ್ಬುಗಳಲ್ಲಿಯೂ ಆಡಿದರು. ಅವರು ನಿಜವಾದ ಪ್ರಸಿದ್ಧಿ ಪಡೆದದ್ದು ಮೈದಾನದ ಒಳಗೆ ಆಡಿದ ಆಟಕ್ಕಿಂತ ಮೈದಾನದ ಗೆರೆಯಾಚೆ ನಿಂತು ಮಾಡಿದ ಕೆಲಸದಿಂದ.

ಪದವಿಯ ನಂತರ ಶಿಕ್ಷಕ ವೃತ್ತಿಯನ್ನು ಆರಿಸಿಕೊಂಡ ರಹೀಂ ಅವರು ಕಾಚಿಗುಡ ಮಾಧ್ಯಮಿಕ ಶಾಲೆ, ಉರ್ದು ಷರೀಫ್ ಶಾಲೆ, ದಾರುಲ್ ಉಲೂಮ್ ಪ್ರೌಢಶಾಲೆ ಮತ್ತು ಚಾದರ್‌ಘಾಟ್ ಪ್ರೌಢಶಾಲೆಗಳಲ್ಲಿ ಕೆಲಸ ಮಾಡಿದರು. ಈ ನಡುವೆ ದೈಹಿಕ ಶಿಕ್ಷಣದಲ್ಲಿ ಡಿಪ್ಲೊಮಾ ಪಡೆದು, ಕೊನೆಯ ಎರಡು ಶಾಲೆಗಳಲ್ಲಿ ಕ್ರೀಡಾ ವಿಭಾಗದ ಹೊಣೆಯನ್ನೂ ವಹಿಸಿಕೊಂಡರು. ತರಗತಿಯಲ್ಲಿ ಕಲಿಸುವ ಕ್ರಮವನ್ನೇ ಅವರು ಮುಂದೆ ಮೈದಾನಕ್ಕೂ ಅನ್ವಯಿಸಿದರು. ಪಾಠವನ್ನು ಸಣ್ಣ ಭಾಗಗಳಾಗಿ ಒಡೆಯುವುದು, ಒಂದು ಭಾಗ ಕರಗತವಾದ ಮೇಲೆ ಇನ್ನೊಂದಕ್ಕೆ ಹೋಗುವುದು, ಪ್ರತಿ ವಿದ್ಯಾರ್ಥಿಯ ಕೊರತೆಯನ್ನು ಗುರುತಿಸಿ ಅದಕ್ಕೆ ತಕ್ಕ ಅಭ್ಯಾಸ ಕೊಡುವುದು ಅವರ ತರಬೇತಿಯ ತಿರುಳಾಗಿತ್ತು.

ಹೈದರಾಬಾದ್ ನಗರ ಪೊಲೀಸ್ ತಂಡ

1940ರ ದಶಕದಲ್ಲಿ ರಹೀಂ ಅವರು ಹೈದರಾಬಾದ್ ಫುಟ್‌ಬಾಲ್ ಸಂಸ್ಥೆಯ ಕಾರ್ಯದರ್ಶಿಯಾದರು. ಕಾರ್ಯದರ್ಶಿಯ ಕೆಲಸವನ್ನು ಕೇವಲ ಪಂದ್ಯಗಳ ವೇಳಾಪಟ್ಟಿ ಹೊಂದಿಸುವುದಕ್ಕೆ ಸೀಮಿತಗೊಳಿಸದೆ, ಶಾಲೆ ಮತ್ತು ಬಡಾವಣೆಗಳಿಂದ ಹೊಸ ಆಟಗಾರರನ್ನು ಹುಡುಕಿ ಬೆಳೆಸುವ ವ್ಯವಸ್ಥೆಯನ್ನು ಕಟ್ಟಿದರು.

1950ರಲ್ಲಿ ಅವರು ಹೈದರಾಬಾದ್ ನಗರ ಪೊಲೀಸ್ ತಂಡದ ತರಬೇತುದಾರರಾದರು. ಆಟಗಾರರಿಗೆ ಪೊಲೀಸ್ ಇಲಾಖೆಯಲ್ಲಿ ನೌಕರಿ ದೊರೆಯುತ್ತಿದ್ದುದರಿಂದ ಬಡ ಕುಟುಂಬಗಳ ತರುಣರಿಗೆ ಆಟವು ಜೀವನೋಪಾಯವೂ ಆಯಿತು. ಅದೇ ವರ್ಷ ತಂಡವು ಮುಂಬಯಿಯ ರೋವರ್ಸ್ ಕಪ್ ಹಾಗೂ ದೇಶದ ಅತ್ಯಂತ ಹಳೆಯ ಪಂದ್ಯಾವಳಿಯಾದ ಡ್ಯುರಾಂಡ್ ಕಪ್ ಎರಡನ್ನೂ ಗೆದ್ದಿತು. ರೋವರ್ಸ್ ಕಪ್ಪನ್ನು 1950ರಿಂದ 1954ರವರೆಗೆ ಸತತ ಐದು ವರ್ಷ ತನ್ನಲ್ಲೇ ಉಳಿಸಿಕೊಂಡಿತು. 1954 ಮತ್ತು 1957ರಲ್ಲಿ ಡ್ಯುರಾಂಡ್ ಕಪ್ ಮತ್ತೆ ಹೈದರಾಬಾದಿಗೆ ಬಂದಿತು. ರಾಜ್ಯ ಪುನರ್ವಿಂಗಡಣೆಯ ಬಳಿಕ ಆಂಧ್ರ ಪ್ರದೇಶ ಪೊಲೀಸ್ ಎಂಬ ಹೆಸರಿನಿಂದ ಆಡಿದ ಇದೇ ತಂಡವು 1961ರಲ್ಲಿಯೂ ಡ್ಯುರಾಂಡ್ ಕಪ್ ಗೆದ್ದಿತು. ರಾಜ್ಯ ತಂಡಗಳ ನಡುವಿನ ಸಂತೋಷ್ ಟ್ರೋಫಿಯನ್ನು ಹೈದರಾಬಾದ್ 1956 ಮತ್ತು 1957ರಲ್ಲಿ ಸತತವಾಗಿ ಎರಡು ಬಾರಿ ಪಡೆಯಿತು.

ನೂರ್ ಮೊಹಮ್ಮದ್, ಎಸ್. ಕೆ. ಅಜೀಜುದ್ದೀನ್, ಎಸ್. ಎ. ಲತೀಫ್, ಜುಲ್ಫಿಕಾರುದ್ದೀನ್, ತುಳಸೀದಾಸ್ ಬಲರಾಮ್, ಯೂಸುಫ್ ಖಾನ್ ಮೊದಲಾದ ಆಟಗಾರರು ಹೈದರಾಬಾದಿನ ಮಣ್ಣಿನಿಂದ ರಾಷ್ಟ್ರೀಯ ತಂಡಕ್ಕೆ ಏರಿದರು. ಸಿಕಂದರಾಬಾದ್ ಬಳಿಯ ಅಮ್ಮುಗುಡದ ಬಡ ಕುಟುಂಬದಿಂದ ಬಂದ ಬಲರಾಮ್ ಅವರಿಗೆ ಅಭ್ಯಾಸಕ್ಕಾಗಿ ನಗರಕ್ಕೆ ಬರಲು ಹಣವಿರಲಿಲ್ಲ. ಬಾಡಿಗೆ ಸೈಕಲ್ಲಿನ ಖರ್ಚನ್ನು ರಹೀಂ ಅವರೇ ಕೊಟ್ಟು ಕರೆಸಿಕೊಳ್ಳುತ್ತಿದ್ದರೆಂದು ಬಲರಾಮ್ ತಮ್ಮ ಮುಪ್ಪಿನಲ್ಲಿ ಸ್ಮರಿಸಿದ್ದರು.

ತರಬೇತಿಯ ವಿಧಾನ

ಆ ಕಾಲದ ಭಾರತೀಯ ಆಟದಲ್ಲಿ ಚೆಂಡನ್ನು ಕಾಲಲ್ಲೇ ಇರಿಸಿಕೊಂಡು ಎದುರಾಳಿಗಳನ್ನು ಒಬ್ಬೊಬ್ಬರಾಗಿ ವಂಚಿಸಿ ಮುನ್ನುಗ್ಗುವ ಡ್ರಿಬ್ಲಿಂಗ್ ಕೌಶಲಕ್ಕೆ ಹೆಚ್ಚು ಮನ್ನಣೆಯಿತ್ತು. ಪ್ರೇಕ್ಷಕರು ಮೆಚ್ಚುತ್ತಿದ್ದುದೂ ಅದನ್ನೇ. ದೈಹಿಕವಾಗಿ ಬಲಿಷ್ಠವಾದ ವಿದೇಶಿ ತಂಡಗಳ ಎದುರು ಇದು ಸಾಲದೆಂಬುದನ್ನು ರಹೀಂ ಮನಗಂಡರು. ಚೆಂಡು ಮನುಷ್ಯನಿಗಿಂತ ವೇಗವಾಗಿ ಓಡುತ್ತದೆ. ಆದ್ದರಿಂದ ಚೆಂಡನ್ನು ತಡೆದು ನಿಲ್ಲಿಸದೆ ಒಂದೇ ಸ್ಪರ್ಶದಲ್ಲಿ ಸಂಗಾತಿಗೆ ದಾಟಿಸಿ ಖಾಲಿ ಜಾಗಕ್ಕೆ ಓಡುವುದನ್ನು ಅವರು ಕಲಿಸಿದರು.

ಇದನ್ನು ಉಪದೇಶದಿಂದಲ್ಲದೆ ನಿಯಮಗಳಿಂದ ಕಲಿಸಿದ್ದು ಅವರ ವೈಶಿಷ್ಟ್ಯ. ಡ್ರಿಬ್ಲಿಂಗ್ ಮಾಡುವುದನ್ನೇ ನಿಷೇಧಿಸಿದ ಪಂದ್ಯಾವಳಿಗಳನ್ನು ಅವರು ಹೈದರಾಬಾದಿನಲ್ಲಿ ಏರ್ಪಡಿಸಿದರು. ಪ್ರತಿ ಆಟಗಾರನೂ ತನಗೆ ರೂಢಿಯಿಲ್ಲದ ಕಾಲಿನಿಂದಲೇ ಚೆಂಡನ್ನು ಒದೆಯಬೇಕೆಂಬ ಷರತ್ತಿನ ಪಂದ್ಯಗಳನ್ನೂ ಆಡಿಸಿದರು. ಬಲಗಾಲಿನ ಆಟಗಾರ ಎಡಗಾಲನ್ನು ಬಳಸಲು ಹೀಗೆ ಅನಿವಾರ್ಯವಾಗಿ ಕಲಿಯುತ್ತಿದ್ದ. ಎರಡೂ ಕಾಲುಗಳಲ್ಲಿ ಸಮಾನ ಹಿಡಿತವಿರುವ ಆಟಗಾರನಿಗೆ ಚೆಂಡನ್ನು ಹೊಂದಿಸಿಕೊಳ್ಳಲು ಸಮಯ ವ್ಯರ್ಥವಾಗುವುದಿಲ್ಲ ಎಂಬುದು ಇದರ ಹಿಂದಿನ ತರ್ಕ.

ತಂಡದ ವಿನ್ಯಾಸದಲ್ಲಿಯೂ ಅವರು ಬದಲಾವಣೆ ತಂದರು. ಇಬ್ಬರು ಹಿಂಬದಿ ಆಟಗಾರರು, ಮೂವರು ನಡುವಣ ಆಟಗಾರರು, ಐವರು ಮುಂಪಡೆಯವರು ಎಂಬ ಹಳೆಯ ಕ್ರಮ ಭಾರತದಲ್ಲಿ ಬಹುಕಾಲ ಚಾಲ್ತಿಯಲ್ಲಿತ್ತು. ಮುಂಪಡೆಯ ನಡುವಿನ ಆಟಗಾರನನ್ನು ತುಸು ಹಿಂದಕ್ಕೆ ಸರಿಸಿ ಅಲ್ಲಿಂದ ದಾಳಿ ಹೆಣೆಯುವ ಪ್ರಯೋಗವನ್ನು ರಹೀಂ 1950ರ ದಶಕದಲ್ಲಿಯೇ ನಡೆಸಿದರು. ಇದೇ ತಂತ್ರದಿಂದ ಹಂಗೇರಿ ತಂಡವು 1953ರ ನವೆಂಬರ್‌ನಲ್ಲಿ ಇಂಗ್ಲೆಂಡನ್ನು ಅದರ ನೆಲದಲ್ಲೇ 6-3ರಿಂದ ಸೋಲಿಸಿ ಜಗತ್ತನ್ನು ಬೆರಗುಗೊಳಿಸಿತ್ತು. ನಾಲ್ವರು ರಕ್ಷಕರು, ಇಬ್ಬರು ನಡುವಣ ಆಟಗಾರರು, ನಾಲ್ವರು ದಾಳಿಕಾರರು ಇರುವ 4-2-4 ವಿನ್ಯಾಸವನ್ನು ಬ್ರೆಜಿಲ್ 1958ರ ವಿಶ್ವಕಪ್‌ನಲ್ಲಿ ಜನಪ್ರಿಯಗೊಳಿಸಿತು. ಭಾರತದಲ್ಲಿ ಈ ವಿನ್ಯಾಸವನ್ನು ಬಳಕೆಗೆ ತಂದವರಲ್ಲಿ ರಹೀಂ ಮೊದಲಿಗರು.

ರಾಷ್ಟ್ರೀಯ ತಂಡ: ಮೊದಲ ವರ್ಷಗಳು

ಸ್ವತಂತ್ರ ಭಾರತದ ಫುಟ್‌ಬಾಲ್ ತಂಡವು 1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಬಲಾಯಿದಾಸ್ ಚಟರ್ಜಿ ಅವರ ತರಬೇತಿಯಲ್ಲಿ ಆಡಿ, ಫ್ರಾನ್ಸ್ ವಿರುದ್ಧ 1-2ರಿಂದ ಸೋತಿತ್ತು. ಭಾರತದ ಆ ಏಕೈಕ ಗೋಲನ್ನು ಗಳಿಸಿದವರು ಮೈಸೂರು ಪ್ರಾಂತದ ಎಸ್. ರಾಮನ್. ಹೆಚ್ಚಿನ ಆಟಗಾರರು ಬರಿಗಾಲಿನಲ್ಲಿ ಆಡಿದ್ದು ಆಗ ಲಂಡನ್ನಿನ ಪ್ರೇಕ್ಷಕರ ಕುತೂಹಲಕ್ಕೆ ಕಾರಣವಾಗಿತ್ತು.

ರಹೀಂ ಅವರು ತಂಡದ ಹೊಣೆ ಹೊತ್ತ ಮೇಲೆ 1951ರ ಮಾರ್ಚ್‌ನಲ್ಲಿ ದೆಹಲಿಯಲ್ಲಿ ಮೊದಲ ಏಷ್ಯನ್ ಕ್ರೀಡಾಕೂಟ ನಡೆಯಿತು. ಶೈಲೇನ್ ಮನ್ನಾ ನಾಯಕತ್ವದ ಭಾರತ ತಂಡವು ಇಂಡೋನೇಷ್ಯಾ ಮತ್ತು ಅಫ್ಘಾನಿಸ್ತಾನಗಳನ್ನು ತಲಾ 3-0ರಿಂದ ಸೋಲಿಸಿ ಫೈನಲ್ ತಲುಪಿತು. ಇರಾನ್ ವಿರುದ್ಧದ ಫೈನಲ್‌ನಲ್ಲಿ ಸಾಹು ಮೇವಾಲಾಲ್ ಗಳಿಸಿದ ಗೋಲಿನಿಂದ 1-0 ಅಂತರದ ಜಯ ದೊರೆಯಿತು.

ಮರುವರ್ಷವೇ ಕಹಿ ಅನುಭವ ಕಾದಿತ್ತು. 1952ರ ಹೆಲ್ಸಿಂಕಿ ಒಲಿಂಪಿಕ್ಸ್‌ನಲ್ಲಿ ಯುಗೊಸ್ಲಾವಿಯಾ ತಂಡವು ಭಾರತವನ್ನು 10-1ರಿಂದ ಸೋಲಿಸಿತು. ಭಾರತದ ಪರವಾಗಿ ಒಂದು ಗೋಲು ಗಳಿಸಿದವರು ಬೆಂಗಳೂರಿನ ಅಹ್ಮದ್ ಖಾನ್. ಫಿನ್ಲೆಂಡಿನ ಚಳಿಯಲ್ಲಿ ಬರಿಗಾಲಿನ ಆಟಗಾರರು ಬೂಟು ತೊಟ್ಟ ಯುರೋಪಿನ ಬಲಿಷ್ಠ ತಂಡವನ್ನು ಎದುರಿಸಿದ್ದರು. ಯುಗೊಸ್ಲಾವಿಯಾ ಆ ಕೂಟದಲ್ಲಿ ಬೆಳ್ಳಿ ಪದಕ ಪಡೆದ ತಂಡ. ಈ ಸೋಲಿನ ಬಳಿಕ ಅಖಿಲ ಭಾರತ ಫುಟ್‌ಬಾಲ್ ಫೆಡರೇಷನ್ ಆಟಗಾರರಿಗೆ ಬೂಟುಗಳನ್ನು ಕಡ್ಡಾಯಗೊಳಿಸಿತು.

ಬೂಟು ತೊಡಿಸಿದ ಮಾತ್ರಕ್ಕೆ ಆಟ ಬದಲಾಗುವುದಿಲ್ಲ. ಬರಿಗಾಲಿನಲ್ಲಿ ಚೆಂಡಿನ ಸ್ಪರ್ಶವನ್ನು ಕಲಿತವನಿಗೆ ಬೂಟು ಭಾರವೆನಿಸುತ್ತದೆ, ಹಿಡಿತ ತಪ್ಪುತ್ತದೆ. ಅಲ್ಲದೆ ಅಂದು ದೇಶೀಯ ಪಂದ್ಯಗಳು 70 ನಿಮಿಷಗಳಾಗಿದ್ದರೆ ಅಂತರರಾಷ್ಟ್ರೀಯ ಪಂದ್ಯಗಳು 90 ನಿಮಿಷಗಳಾಗಿದ್ದವು. ಕೊನೆಯ 20 ನಿಮಿಷಗಳಲ್ಲಿ ಭಾರತೀಯರು ದಣಿಯುವುದು ಸಾಮಾನ್ಯವಾಗಿತ್ತು. ಹೆಲ್ಸಿಂಕಿಯಿಂದ ಮೆಲ್ಬರ್ನ್‌ವರೆಗಿನ ನಾಲ್ಕು ವರ್ಷಗಳಲ್ಲಿ ಭಾರತದ ಆಟವು ಈ ಕೊರತೆಗಳನ್ನು ಬಹುಮಟ್ಟಿಗೆ ಮೀರಿ ಬೆಳೆಯಿತು.

ಮೆಲ್ಬರ್ನ್ ಒಲಿಂಪಿಕ್ಸ್, 1956

1956ರ ಒಲಿಂಪಿಕ್ಸ್ ನವೆಂಬರ್ 22ರಂದು ಆಸ್ಟ್ರೇಲಿಯಾದ ಮೆಲ್ಬರ್ನ್‌ನಲ್ಲಿ ಆರಂಭವಾಯಿತು. ಸಮರ್ ಬ್ಯಾನರ್ಜಿ ತಂಡದ ನಾಯಕರಾಗಿದ್ದರು. ತಂಡದ ದೊಡ್ಡ ಪಾಲು ರಹೀಂ ಅವರೇ ಹೈದರಾಬಾದಿನಲ್ಲಿ ಬೆಳೆಸಿದ ಆಟಗಾರರಾಗಿದ್ದರು. ಬೆಂಗಳೂರಿನ ಎಂ. ಕೆಂಪಯ್ಯ ಕೂಡ ತಂಡದಲ್ಲಿದ್ದರು. ಮೊದಲ ಸುತ್ತಿನ ಎದುರಾಳಿಯಾಗಿದ್ದ ಹಂಗೇರಿ ಕೂಟದಿಂದ ಹಿಂದೆ ಸರಿದದ್ದರಿಂದ ಭಾರತ ನೇರವಾಗಿ ಕ್ವಾರ್ಟರ್ ಫೈನಲ್‌ಗೆ ಬಂದಿತು.

ಡಿಸೆಂಬರ್ 1ರಂದು ಆತಿಥೇಯ ಆಸ್ಟ್ರೇಲಿಯಾವನ್ನು ಭಾರತ 4-2ರಿಂದ ಸೋಲಿಸಿತು. ನೆವಿಲ್ ಡಿಸೋಜಾ ಮೂರು ಗೋಲುಗಳನ್ನು ಗಳಿಸಿ, ಒಲಿಂಪಿಕ್ ಫುಟ್‌ಬಾಲ್‌ನಲ್ಲಿ ಹ್ಯಾಟ್ರಿಕ್ ಸಾಧಿಸಿದ ಮೊದಲ ಏಷ್ಯನ್ ಆಟಗಾರರೆನಿಸಿದರು. ನಾಲ್ಕನೆಯ ಗೋಲು ಜೆ. ಕಿಟ್ಟು ಅವರದು.

ಸೆಮಿಫೈನಲ್‌ನಲ್ಲಿ ಎದುರಾದದ್ದು ಅದೇ ಯುಗೊಸ್ಲಾವಿಯಾ. ಮೊದಲಾರ್ಧದಲ್ಲಿ ಯಾರೂ ಗೋಲು ಗಳಿಸಲಿಲ್ಲ. ದ್ವಿತೀಯಾರ್ಧದ ಆರಂಭದಲ್ಲಿ ಡಿಸೋಜಾ ಗೋಲಿನಿಂದ ಭಾರತವೇ ಮುನ್ನಡೆ ಪಡೆಯಿತು. ಬಳಿಕ ಯುಗೊಸ್ಲಾವಿಯಾ ಚೇತರಿಸಿಕೊಂಡು 4-1ರಿಂದ ಗೆದ್ದಿತು. ಕಂಚಿನ ಪದಕದ ಪಂದ್ಯದಲ್ಲಿ ಬಲ್ಗೇರಿಯಾ 3-0ರಿಂದ ಜಯಿಸಿತು. ಭಾರತಕ್ಕೆ ನಾಲ್ಕನೆಯ ಸ್ಥಾನ ಲಭಿಸಿತು. ನಾಲ್ಕು ವರ್ಷಗಳ ಹಿಂದೆ 10 ಗೋಲುಗಳನ್ನು ಬಿಟ್ಟುಕೊಟ್ಟ ತಂಡದ ಎದುರು ದ್ವಿತೀಯಾರ್ಧದಲ್ಲಿ ಮುನ್ನಡೆ ಪಡೆದು ಆಡಿದ್ದು ರಹೀಂ ಅವರ ತರಬೇತಿಯ ಫಲವನ್ನು ತೋರಿಸುತ್ತದೆ. ಡಿಸೋಜಾ ಒಟ್ಟು ನಾಲ್ಕು ಗೋಲುಗಳೊಂದಿಗೆ ಕೂಟದ ಅತ್ಯಧಿಕ ಗೋಲು ಗಳಿಸಿದವರ ಸಾಲಿನಲ್ಲಿ ಜಂಟಿಯಾಗಿ ನಿಂತರು.

ರೋಮ್ ಒಲಿಂಪಿಕ್ಸ್, 1960

ರೋಮ್‌ನಲ್ಲಿ ಭಾರತಕ್ಕೆ ಹಂಗೇರಿ, ಫ್ರಾನ್ಸ್ ಮತ್ತು ಪೆರು ಇದ್ದ ಕಠಿಣ ಗುಂಪು ಸಿಕ್ಕಿತು. ಪಿ. ಕೆ. ಬ್ಯಾನರ್ಜಿ ನಾಯಕರಾಗಿದ್ದರು. ಹಂಗೇರಿ ವಿರುದ್ಧ ತುರುಸಿನಿಂದ ಆಡಿ 1-2ರಿಂದ ಸೋತ ಭಾರತದ ಪರವಾಗಿ ಬಲರಾಮ್ ಗೋಲು ಗಳಿಸಿದರು. ಫ್ರಾನ್ಸ್ ವಿರುದ್ಧ ಬ್ಯಾನರ್ಜಿ ಅವರ ಗೋಲಿನಿಂದ ಮುನ್ನಡೆದ ತಂಡಕ್ಕೆ ಗೆಲುವು ಕೈಗೆಟಕುವಷ್ಟು ಹತ್ತಿರ ಬಂದಿತ್ತು. ಕೊನೆಯ ಹಂತದಲ್ಲಿ ಫ್ರಾನ್ಸ್ ಸಮಬಲ ಸಾಧಿಸಿದ್ದರಿಂದ ಪಂದ್ಯ 1-1ರಲ್ಲಿ ಮುಗಿಯಿತು. ಪೆರು ವಿರುದ್ಧ 1-3ರಿಂದ ಸೋತು ಭಾರತ ಕೂಟದಿಂದ ಹೊರಬಿದ್ದಿತು. ಅಲ್ಲಿಂದ ಈಚೆಗೆ ಭಾರತದ ಪುರುಷರ ಫುಟ್‌ಬಾಲ್ ತಂಡ ಒಲಿಂಪಿಕ್ಸ್‌ಗೆ ಅರ್ಹತೆ ಪಡೆದಿಲ್ಲ.

ಜಕಾರ್ತ ಏಷ್ಯನ್ ಕ್ರೀಡಾಕೂಟ, 1962

ನಾಲ್ಕನೆಯ ಏಷ್ಯನ್ ಕ್ರೀಡಾಕೂಟಕ್ಕೆ ತಂಡವನ್ನು ಸಜ್ಜುಗೊಳಿಸುವ ವೇಳೆಗೆ ರಹೀಂ ಅವರ ಆರೋಗ್ಯ ಹದಗೆಟ್ಟಿತ್ತು. ಆದರೂ ಅವರು ಹೊಣೆಯಿಂದ ಹಿಂದೆ ಸರಿಯಲಿಲ್ಲ. ಚುನಿ ಗೋಸ್ವಾಮಿ ನಾಯಕತ್ವದ ತಂಡದಲ್ಲಿ ಪಿ. ಕೆ. ಬ್ಯಾನರ್ಜಿ, ಬಲರಾಮ್, ಪೀಟರ್ ತಂಗರಾಜ್, ಜರ್ನೈಲ್ ಸಿಂಗ್, ಅರುಣ್ ಘೋಷ್, ಫಾರ್ಚುನಾಟೊ ಫ್ರಾಂಕೊ, ಒ. ಚಂದ್ರಶೇಖರ್, ಯೂಸುಫ್ ಖಾನ್ ಮೊದಲಾದವರಿದ್ದರು.

ಮೊದಲ ಪಂದ್ಯದಲ್ಲಿಯೇ ದಕ್ಷಿಣ ಕೊರಿಯಾ ಭಾರತವನ್ನು 2-0ರಿಂದ ಸೋಲಿಸಿತು. ಥಾಯ್ಲೆಂಡ್ ವಿರುದ್ಧ 4-1ರ ಗೆಲುವು ಬಂದರೂ ಅದಕ್ಕೆ ಬೆಲೆ ತೆರಬೇಕಾಯಿತು. ರಕ್ಷಣಾ ವಿಭಾಗದ ಆಧಾರಸ್ತಂಭವಾಗಿದ್ದ ಜರ್ನೈಲ್ ಸಿಂಗ್ ಅವರ ತಲೆಗೆ ಗಾಯವಾಗಿ ಹೊಲಿಗೆ ಹಾಕಬೇಕಾಯಿತು. ಜಪಾನ್ ವಿರುದ್ಧದ ಪಂದ್ಯವನ್ನು ಅವರಿಲ್ಲದೆ 2-0ರಿಂದ ಗೆದ್ದು ಭಾರತ ಸೆಮಿಫೈನಲ್ ತಲುಪಿತು.

ಇಲ್ಲಿ ರಹೀಂ ಕೈಗೊಂಡ ತೀರ್ಮಾನವು ಭಾರತೀಯ ಫುಟ್‌ಬಾಲ್ ಚರಿತ್ರೆಯಲ್ಲಿ ಪ್ರಸಿದ್ಧವಾಗಿದೆ. ತಲೆಗೆ ಪಟ್ಟಿ ಕಟ್ಟಿಕೊಂಡಿದ್ದ ಜರ್ನೈಲ್ ಸಿಂಗ್ ರಕ್ಷಕರ ಸ್ಥಾನದಲ್ಲಿ ಆಡಿದರೆ ಎದುರಾಳಿಗಳ ದಾಳಿಯನ್ನು ಪದೇ ಪದೇ ತಲೆಯಿಂದ ತಡೆಯಬೇಕಾಗುತ್ತಿತ್ತು. ಹಾಗೆಂದು ಅಂತಹ ಆಟಗಾರನನ್ನು ಹೊರಗೆ ಕೂರಿಸುವುದೂ ಕಷ್ಟವಾಗಿತ್ತು. ರಹೀಂ ಅವರನ್ನು ಮುಂಪಡೆಯ ನಡುವಿನ ಸ್ಥಾನಕ್ಕೆ ಕಳುಹಿಸಿದರು. ಎತ್ತರದ, ಗಟ್ಟಿಮುಟ್ಟಾದ ಜರ್ನೈಲ್ ಎದುರಾಳಿ ರಕ್ಷಕರಿಗೆ ಅನಿರೀಕ್ಷಿತ ಸವಾಲಾದರು. ದಕ್ಷಿಣ ವಿಯೆಟ್ನಾಂ ವಿರುದ್ಧದ ಸೆಮಿಫೈನಲ್‌ನಲ್ಲಿ ಅವರೂ ಒಂದು ಗೋಲು ಗಳಿಸಿದರು. ಭಾರತ 3-2ರಿಂದ ಗೆದ್ದಿತು.

ಈ ನಡುವೆ ಮೈದಾನದ ಹೊರಗೆ ಪರಿಸ್ಥಿತಿ ವಿಷಮವಾಗಿತ್ತು. ಆತಿಥೇಯ ಇಂಡೋನೇಷ್ಯಾವು ಇಸ್ರೇಲ್ ಮತ್ತು ತೈವಾನ್ ದೇಶಗಳ ಕ್ರೀಡಾಪಟುಗಳಿಗೆ ಪ್ರವೇಶ ನೀಡಿರಲಿಲ್ಲ. ಏಷ್ಯನ್ ಕ್ರೀಡಾಕೂಟದ ಸಂಸ್ಥಾಪಕರಲ್ಲಿ ಒಬ್ಬರಾದ ಭಾರತದ ಗುರುದತ್ತ ಸೋಂಧಿ ಇದನ್ನು ವಿರೋಧಿಸಿ, ಕೂಟಕ್ಕೆ ಏಷ್ಯನ್ ಕ್ರೀಡಾಕೂಟವೆಂಬ ಹೆಸರು ಇರಬಾರದೆಂಬ ನಿಲುವು ತಳೆದರು. ಇದರಿಂದ ಕೆರಳಿದ ಜನರ ಗುಂಪು ಸೆಪ್ಟೆಂಬರ್ 3ರಂದು ಜಕಾರ್ತದ ಭಾರತೀಯ ರಾಯಭಾರ ಕಚೇರಿಯ ಮೇಲೆ ದಾಳಿ ಮಾಡಿತು. ಫೈನಲ್ ನಡೆಯಬೇಕಾಗಿದ್ದುದು ಮರುದಿನವೇ.

ಸೆಪ್ಟೆಂಬರ್ 4ರಂದು ಸೆನಾಯನ್ ಕ್ರೀಡಾಂಗಣದಲ್ಲಿ ಸುಮಾರು ಒಂದು ಲಕ್ಷ ಪ್ರೇಕ್ಷಕರು ಸೇರಿದ್ದರು. ಭಾರತೀಯರು ಮೈದಾನಕ್ಕೆ ಇಳಿದಾಗ ಅವರಿಗೆ ಕೇಳಿಸಿದ್ದು ಮೂದಲಿಕೆಯ ಕೂಗು. ಪೀಟರ್ ತಂಗರಾಜ್ ಜ್ವರದಿಂದ ಆಗಷ್ಟೇ ಚೇತರಿಸಿಕೊಂಡಿದ್ದರು. ಎಡಭಾಗದ ರಕ್ಷಕ ತ್ರಿಲೋಕ್ ಸಿಂಗ್ ಅವರ ಕಾಲ್ಬೆರಳಿಗೆ ಗಾಯವಾಗಿತ್ತು. ಜರ್ನೈಲ್ ಅವರ ತಲೆಯ ಗಾಯ ಇನ್ನೂ ಮಾಸಿರಲಿಲ್ಲ. ಎದುರಿಗಿದ್ದುದು ಮೊದಲ ಪಂದ್ಯದಲ್ಲಿ ತಮ್ಮನ್ನು ಸೋಲಿಸಿದ್ದ ದಕ್ಷಿಣ ಕೊರಿಯಾ. ಈ ಎಲ್ಲ ಪ್ರತಿಕೂಲಗಳ ನಡುವೆ ಪಂದ್ಯದ ಮೊದಲ 20 ನಿಮಿಷಗಳಲ್ಲಿಯೇ ಭಾರತ ಎರಡು ಗೋಲುಗಳನ್ನು ಗಳಿಸಿತು. ಮೊದಲನೆಯದು ಪಿ. ಕೆ. ಬ್ಯಾನರ್ಜಿ ಅವರದು, ಎರಡನೆಯದು ಜರ್ನೈಲ್ ಸಿಂಗ್ ಅವರದು. ಪಂದ್ಯ ಮುಗಿಯಲು ಕೆಲವೇ ನಿಮಿಷಗಳಿದ್ದಾಗ ಕೊರಿಯಾ ಒಂದು ಗೋಲು ಹಿಂದಿರುಗಿಸಿತು. 2-1ರಿಂದ ಗೆದ್ದ ಭಾರತ ಎರಡನೆಯ ಬಾರಿಗೆ ಏಷ್ಯಾದ ಚಾಂಪಿಯನ್ ಆಯಿತು.

ಫೈನಲ್‌ನ ಹಿಂದಿನ ರಾತ್ರಿ ರಹೀಂ ಅವರು ಆಟಗಾರರನ್ನು ಕೂಡಿಸಿಕೊಂಡು, ತಮಗೆ ಉಡುಗೊರೆಯಾಗಿ ಚಿನ್ನದ ಪದಕವನ್ನು ಮಾತ್ರ ಕೊಡಬೇಕೆಂದು ಕೋರಿದ್ದರೆಂಬುದನ್ನು ತಂಡದ ಸದಸ್ಯರು ಮುಂದೆ ಅನೇಕ ಬಾರಿ ನೆನೆದಿದ್ದಾರೆ.

ಕೊನೆಯ ದಿನಗಳು

ಜಕಾರ್ತದಿಂದ ಮರಳಿದ ಮೇಲೆ ರಹೀಂ ಅವರ ಕಾಯಿಲೆ ಉಲ್ಬಣಿಸಿತು. ಕೊನೆಯ ತಿಂಗಳುಗಳನ್ನು ಅವರು ಹಾಸಿಗೆಯಲ್ಲಿಯೇ ಕಳೆಯಬೇಕಾಯಿತು. 1963ರ ಜೂನ್ 11ರಂದು ಹೈದರಾಬಾದಿನಲ್ಲಿ ನಿಧನರಾದರು. ಆಗ ಅವರಿಗೆ 53 ವರ್ಷ ವಯಸ್ಸಾಗಿತ್ತು.

ಅವರ ಮರಣಾನಂತರ 1964ರ ಏಷ್ಯಾ ಕಪ್‌ನಲ್ಲಿ ಭಾರತ ಎರಡನೆಯ ಸ್ಥಾನ ಪಡೆಯಿತು. 1970ರ ಬ್ಯಾಂಕಾಕ್ ಏಷ್ಯನ್ ಕ್ರೀಡಾಕೂಟದಲ್ಲಿ ಕಂಚಿನ ಪದಕ ಬಂದಿತು. ಆ ತಂಡದ ನಾಯಕ ಸೈಯದ್ ನಯೀಮುದ್ದೀನ್ ಅವರೂ ಹೈದರಾಬಾದಿನವರೇ. ಬಳಿಕ ಏಷ್ಯನ್ ಕ್ರೀಡಾಕೂಟದ ಫುಟ್‌ಬಾಲ್‌ನಲ್ಲಿ ಭಾರತಕ್ಕೆ ಪದಕ ದೊರೆತಿಲ್ಲ. ರಹೀಂ ಅವರೊಂದಿಗೆ ಭಾರತೀಯ ಫುಟ್‌ಬಾಲ್‌ನ ಜಾಣ್ಮೆಯೂ ಕಣ್ಮರೆಯಾಯಿತೆಂಬ ಅಭಿಪ್ರಾಯವನ್ನು ಜಕಾರ್ತ ತಂಡದ ಸದಸ್ಯ ಫಾರ್ಚುನಾಟೊ ಫ್ರಾಂಕೊ ವ್ಯಕ್ತಪಡಿಸಿದ್ದರು. ಇದರಲ್ಲಿ ಶಿಷ್ಯನ ಅಭಿಮಾನವಿದ್ದರೂ ಮುಂದಿನ ದಶಕಗಳ ಫಲಿತಾಂಶಗಳು ಈ ಮಾತನ್ನು ಅಲ್ಲಗಳೆಯುವುದಿಲ್ಲ. ಒಬ್ಬ ವ್ಯಕ್ತಿಯ ಪ್ರತಿಭೆಯ ಮೇಲೆ ನಿಂತಿದ್ದ ವ್ಯವಸ್ಥೆಯನ್ನು ದೇಶಾದ್ಯಂತ ಸ್ಥಿರವಾದ ತರಬೇತಿ ಕ್ರಮವಾಗಿ ಬೆಳೆಸಲಾಗಲಿಲ್ಲ. ದೇಶೀಯ ಪಂದ್ಯಗಳ ಅವಧಿಯನ್ನು ಹೆಚ್ಚಿಸುವಂತಹ ಸುಧಾರಣೆಗಳೂ ತಡವಾಗಿ ಬಂದವು.

ನಾಯಕತ್ವದ ಲಕ್ಷಣಗಳು

ಇಂದಿನ ವೃತ್ತಿಪರ ಫುಟ್‌ಬಾಲ್‌ನಲ್ಲಿ ತಂಡದ ಮ್ಯಾನೇಜರ್ ಎಂಬ ಹುದ್ದೆಗೆ ವಿಶಾಲವಾದ ಅಧಿಕಾರವಿದೆ. ಆಟಗಾರರ ಆಯ್ಕೆ, ತಂತ್ರಗಾರಿಕೆ, ದೈಹಿಕ ಸಿದ್ಧತೆ, ಶಿಸ್ತು, ಮನೋಬಲ ಇವೆಲ್ಲವೂ ಅವರ ಹೊಣೆ. ಅವರಿಗೆ ಸಹಾಯಕರ ದೊಡ್ಡ ಪಡೆಯೇ ಇರುತ್ತದೆ. ರಹೀಂ ಅವರ ಕಾಲದ ಭಾರತದಲ್ಲಿ ಇಂತಹ ಸೌಕರ್ಯಗಳಿರಲಿಲ್ಲ. ಆಟಗಾರರು ಪೊಲೀಸ್, ರೈಲ್ವೆ, ಸೇನೆ ಮೊದಲಾದ ಇಲಾಖೆಗಳ ನೌಕರರಾಗಿದ್ದು, ಕೂಟಕ್ಕೆ ಮುಂಚೆ ನಡೆಯುವ ಶಿಬಿರದಲ್ಲಷ್ಟೇ ಒಟ್ಟಿಗೆ ಸೇರುತ್ತಿದ್ದರು.

ಇಂತಹ ಸ್ಥಿತಿಯಲ್ಲಿ ರಹೀಂ ಯಶಸ್ವಿಯಾದುದಕ್ಕೆ ಮೂರು ಕಾರಣಗಳನ್ನು ಗುರುತಿಸಬಹುದು. ಮೊದಲನೆಯದು, ಹೈದರಾಬಾದಿನಲ್ಲಿ ವರ್ಷವಿಡೀ ತಮ್ಮ ಕೈಕೆಳಗೆ ಪಳಗಿದ ಆಟಗಾರರು ರಾಷ್ಟ್ರೀಯ ತಂಡಕ್ಕೂ ಬರುತ್ತಿದ್ದುದರಿಂದ ಹೊಸ ತಂತ್ರಗಳನ್ನು ಅಲ್ಲಿಯೇ ಪರೀಕ್ಷಿಸಿ ನೋಡಲು ಸಾಧ್ಯವಾಯಿತು. ಎರಡನೆಯದು, ಆಟಗಾರನ ಹೆಸರಿಗಿಂತ ತಂಡದ ಅಗತ್ಯವನ್ನು ಮುಂದಿಟ್ಟು ಸ್ಥಾನಗಳನ್ನು ಬದಲಿಸುವ ಧೈರ್ಯ ಅವರಿಗಿತ್ತು. ಜರ್ನೈಲ್ ಸಿಂಗ್ ಅವರ ಪ್ರಸಂಗ ಇದಕ್ಕೆ ನಿದರ್ಶನ. ಮೂರನೆಯದು, ಬಂಗಾಳ, ಪಂಜಾಬ್, ಗೋವಾ, ಕೇರಳ, ಮೈಸೂರು, ಹೈದರಾಬಾದ್ ಹೀಗೆ ಬೇರೆ ಬೇರೆ ಭಾಷೆ ಮತ್ತು ಧರ್ಮಗಳ ತರುಣರು ಅವರನ್ನು ಮೇಷ್ಟ್ರಂತೆ ಕಂಡು ವಿಶ್ವಾಸವಿಟ್ಟಿದ್ದರು. ಮಿತಮಾತಿನ, ಶಿಸ್ತಿನ ಮನುಷ್ಯರಾದರೂ ಪಂದ್ಯಕ್ಕೆ ಮುಂಚೆ ಅವರು ಆಡುತ್ತಿದ್ದ ಮಾತು ಆಟಗಾರರ ಮನಸ್ಸಿಗೆ ನಾಟುತ್ತಿತ್ತು.

ಕರ್ನಾಟಕದೊಂದಿಗಿನ ನಂಟು

ರಹೀಂ ಅವರು ಹೈದರಾಬಾದ್ ತಂಡವನ್ನು ಕಟ್ಟಿದ ಮೊದಲ ವರ್ಷಗಳಲ್ಲಿ ರಾಯಚೂರು ಜಿಲ್ಲೆಯು ಅದೇ ರಾಜ್ಯದ ಭಾಗವಾಗಿತ್ತು. ಜಿಲ್ಲೆಯು ಮೈಸೂರು ರಾಜ್ಯಕ್ಕೆ ಸೇರಿ ಸರಿಯಾಗಿ ಒಂದು ತಿಂಗಳಿಗೆ ಮೆಲ್ಬರ್ನ್‌ನಲ್ಲಿ ಆಸ್ಟ್ರೇಲಿಯಾ ವಿರುದ್ಧದ ಗೆಲುವು ದೊರೆಯಿತು.

ಮೈಸೂರು ರಾಜ್ಯ ಹಾಗೂ ಬೆಂಗಳೂರಿನ ತಂಡಗಳು ಹೈದರಾಬಾದಿಗೆ ಪ್ರಬಲ ಪ್ರತಿಸ್ಪರ್ಧಿಗಳಾಗಿದ್ದವು. ಬೆಂಗಳೂರು ಮುಸ್ಲಿಮ್ಸ್ ತಂಡವು 1937 ಮತ್ತು 1938ರಲ್ಲಿಯೇ ರೋವರ್ಸ್ ಕಪ್ ಗೆದ್ದಿತ್ತು. ಮೈಸೂರು ತಂಡವು 1946 ಮತ್ತು 1952ರಲ್ಲಿ ಸಂತೋಷ್ ಟ್ರೋಫಿ ಪಡೆದಿತ್ತು. 1954ರ ಡ್ಯುರಾಂಡ್ ಕಪ್ ಫೈನಲ್‌ನಲ್ಲಿ ಹೈದರಾಬಾದ್ ನಗರ ಪೊಲೀಸ್ ತಂಡ ಸೋಲಿಸಿದ್ದು ಬೆಂಗಳೂರಿನ ಹಿಂದೂಸ್ತಾನ್ ಏರ್‌ಕ್ರಾಫ್ಟ್ ತಂಡವನ್ನು. ಅಹ್ಮದ್ ಖಾನ್, ಕೆಂಪಯ್ಯ ಮೊದಲಾದ ಬೆಂಗಳೂರಿನ ಆಟಗಾರರು ರಹೀಂ ಅವರ ಮಾರ್ಗದರ್ಶನದಲ್ಲಿ ದೇಶವನ್ನು ಪ್ರತಿನಿಧಿಸಿದರು.

ಕುಟುಂಬ ಮತ್ತು ಶಿಷ್ಯ ಪರಂಪರೆ

ರಹೀಂ ಅವರ ಪುತ್ರ ಸೈಯದ್ ಶಾಹಿದ್ ಹಕೀಮ್ (1939–2021) ಕೂಡ ಫುಟ್‌ಬಾಲ್ ಆಟಗಾರರು. 1960ರ ರೋಮ್ ಒಲಿಂಪಿಕ್ಸ್ ತಂಡದ ಸದಸ್ಯರಾಗಿದ್ದರು. ಭಾರತೀಯ ವಾಯುಪಡೆಯಲ್ಲಿ ಸ್ಕ್ವಾಡ್ರನ್ ಲೀಡರ್ ಆಗಿ ಸೇವೆ ಸಲ್ಲಿಸಿದರು. ಅಂತರರಾಷ್ಟ್ರೀಯ ರೆಫರಿಯಾಗಿಯೂ ತರಬೇತುದಾರರಾಗಿಯೂ ಕೆಲಸ ಮಾಡಿದರು. 2017ರಲ್ಲಿ ಅವರಿಗೆ ಧ್ಯಾನ್‌ಚಂದ್ ಪ್ರಶಸ್ತಿ ಲಭಿಸಿತು. 2021ರ ಆಗಸ್ಟ್ 22ರಂದು ಕಲಬುರಗಿಯಲ್ಲಿ ನಿಧನರಾದರು.

ರಹೀಂ ಅವರ ತಂಡಗಳಲ್ಲಿ ಆಡಿದ ಪಿ. ಕೆ. ಬ್ಯಾನರ್ಜಿ ಮುಂದೆ ದೇಶದ ಹೆಸರಾಂತ ತರಬೇತುದಾರರಾದರು. ಪೂರ್ವಸಿದ್ಧತೆಯ ಮಾತುಗಳಿಂದ ಆಟಗಾರರನ್ನು ಹುರಿದುಂಬಿಸುವ ಅವರ ರೀತಿಯಲ್ಲಿ ಗುರುವಿನ ಪ್ರಭಾವವನ್ನು ಕಾಣಬಹುದು.

ಗೌರವ ಮತ್ತು ಸ್ಮರಣೆ

ತರಬೇತುದಾರರಿಗೆ ನೀಡುವ ದ್ರೋಣಾಚಾರ್ಯ ಪ್ರಶಸ್ತಿಯನ್ನು ಭಾರತ ಸರ್ಕಾರ ಸ್ಥಾಪಿಸಿದ್ದು 1985ರಲ್ಲಿ, ರಹೀಂ ಅವರು ತೀರಿಕೊಂಡ 22 ವರ್ಷಗಳ ನಂತರ. 1990ರಲ್ಲಿ ಈ ಪ್ರಶಸ್ತಿ ಹೈದರಾಬಾದಿನವರೇ ಆದ ನಯೀಮುದ್ದೀನ್ ಅವರಿಗೆ ದೊರೆಯಿತು. ಐ-ಲೀಗ್ ಪಂದ್ಯಾವಳಿಯ ಅತ್ಯುತ್ತಮ ತರಬೇತುದಾರರ ಪ್ರಶಸ್ತಿಗೆ ರಹೀಂ ಅವರ ಹೆಸರನ್ನು ಇರಿಸಲಾಗಿದೆ.

ರಹೀಂ ಅವರ ಜೀವನವನ್ನು ಆಧರಿಸಿ ಅಮಿತ್ ಶರ್ಮಾ ನಿರ್ದೇಶಿಸಿದ ಮೈದಾನ್ ಎಂಬ ಹಿಂದಿ ಚಲನಚಿತ್ರವು 2024ರ ಏಪ್ರಿಲ್‌ನಲ್ಲಿ ತೆರೆಕಂಡಿತು. ಅಜಯ್ ದೇವಗನ್ ಅವರು ರಹೀಂ ಅವರ ಪಾತ್ರವನ್ನು ನಿರ್ವಹಿಸಿದ್ದಾರೆ. ಅರ್ಧ ಶತಮಾನಕ್ಕೂ ಮಿಗಿಲಾಗಿ ಫುಟ್‌ಬಾಲ್ ವಲಯದ ಹೊರಗೆ ಹೆಚ್ಚು ಪರಿಚಿತವಲ್ಲದಿದ್ದ ಅವರ ಹೆಸರು ಈ ಚಿತ್ರದಿಂದ ಹೊಸ ತಲೆಮಾರಿಗೆ ತಲುಪಿತು. ಕಥೆಯ ಅಗತ್ಯಕ್ಕಾಗಿ ಚಿತ್ರದಲ್ಲಿ ಕೆಲವು ಸನ್ನಿವೇಶಗಳನ್ನು ಕಲ್ಪಿಸಿಕೊಂಡಿರುವುದರಿಂದ ಅದನ್ನು ಇತಿಹಾಸದ ದಾಖಲೆಯೆಂದು ಭಾವಿಸಲಾಗದು.

ಪ್ರಮುಖ ಸಾಧನೆಗಳು

ಭಾರತ ತಂಡ
- ಏಷ್ಯನ್ ಕ್ರೀಡಾಕೂಟ, ದೆಹಲಿ, 1951: ಚಿನ್ನದ ಪದಕ
- ಒಲಿಂಪಿಕ್ಸ್, ಮೆಲ್ಬರ್ನ್, 1956: ನಾಲ್ಕನೆಯ ಸ್ಥಾನ
- ಏಷ್ಯನ್ ಕ್ರೀಡಾಕೂಟ, ಜಕಾರ್ತ, 1962: ಚಿನ್ನದ ಪದಕ

ಹೈದರಾಬಾದ್ ನಗರ ಪೊಲೀಸ್ ಮತ್ತು ಆಂಧ್ರ ಪ್ರದೇಶ ಪೊಲೀಸ್
- ರೋವರ್ಸ್ ಕಪ್: 1950, 1951, 1952, 1953, 1954, 1957, 1960
- ಡ್ಯುರಾಂಡ್ ಕಪ್: 1950, 1954, 1957, 1961

ಹೈದರಾಬಾದ್ ರಾಜ್ಯ ತಂಡ
- ಸಂತೋಷ್ ಟ್ರೋಫಿ: 1956, 1957